ಜ್ಞಾನಸ್ನಾನಕ್ಕೆ ಕರೆ ಬಂದಿದೆ: ಕೊಡಗಿನಲ್ಲಿ ಗಂಡಸರು ಏನು ಉಟ್ಟು ಹೋಗಬೇಕು?

ಮದುವೆಗೆ ಏನು ಉಡಬೇಕೆಂದು ನಮ್ಮ ಜಿಲ್ಲೆಯಲ್ಲಿ ಯಾರೂ ಯಾರನ್ನೂ ಕೇಳುವುದಿಲ್ಲ. ಪುತ್ತರಿಗೆ, ಕೈಲ್ ಪೊಳ್ದ್‌ಗೆ, ಊರ ದೇವರ ಹಬ್ಬಕ್ಕೆ ಉಡುಪು ಮೊದಲೇ ಗೊತ್ತಿರುತ್ತದೆ. ಆದರೆ ಪಕ್ಕದ ತೋಟದ ಕ್ರೈಸ್ತರ ಮನೆಯಿಂದ ‘ಭಾನುವಾರ ಮೊಮ್ಮಗನಿಗೆ ಜ್ಞಾನಸ್ನಾನ, ಎಲ್ಲರೂ ಬರಬೇಕು’ ಎಂದು ಕರೆ ಬಂದರೆ ಗಂಡಸರಿಗೆ ಗೊಂದಲ ಶುರುವಾಗುತ್ತದೆ. ಜ್ಞಾನಸ್ನಾನವೆಂದರೆ ನೀರಿನಿಂದ ಕೂಸನ್ನು ಕ್ರೈಸ್ತ ಸಭೆಗೆ ಸೇರಿಸುವ ಸಮಾರಂಭ, ಬ್ಯಾಪ್ಟಿಸಂ. ಸೂಟು ಹಾಕಿದರೆ ಹೆಚ್ಚಾಯಿತೇ? ಪಂಚೆ ಉಟ್ಟರೆ ಕಡಿಮೆಯಾಯಿತೇ? ಬಿಳಿ ಉಡಬಹುದೇ? ಚರ್ಚ್ ಒಳಗೆ ಬೂಟು ಹಾಕಿಕೊಂಡು ಹೋಗಬಹುದೇ?

ಮೂವತ್ತು ವರ್ಷಗಳಿಂದ ಇಂಥ ಕರೆಗಳಿಗೆ ಹೋಗುತ್ತಿದ್ದೇನೆ. ಮೊದಲ ಸಲ ಹೋದಾಗ ನಡೆದ ಒಂದು ಸಂಗತಿ ಇನ್ನೂ ಮನಸ್ಸಿನಲ್ಲಿದೆ. ಪೂಜೆ ಮುಗಿದು ಹೊರಗೆ ಬಂದಾಗ ಮಗುವಿನ ಅಜ್ಜಿ ಪ್ರೀತಿಯಿಂದ ಕೂಸನ್ನು ನನ್ನ ಕೈಗೆ ಕೊಟ್ಟರು. ಎದೆಗೆ ಒರಗಿಸಿಕೊಂಡೆ. ನನ್ನ ಅಂಗಿ ಜೇಬಿನ ಪೆನ್ನಿನ ಕ್ಲಿಪ್ ಅದರ ಕೆನ್ನೆಗೆ ಗೀರಿತು. ಚಿಕ್ಕ ಕೆಂಪು ಗೆರೆ, ಅಷ್ಟೇ. ಮನೆಯವರು ‘ಏನಾಗಿಲ್ಲ ಬಿಡಿ’ ಎಂದರು. ಆದರೆ ಎರಡು ತಿಂಗಳ ಕೂಸು ಬಿಕ್ಕಿ ಬಿಕ್ಕಿ ಅತ್ತದ್ದನ್ನು ನಾನು ಮರೆತಿಲ್ಲ. ಅಂದಿನಿಂದ ನಾನು ಉಡುಪು ಆರಿಸುವ ರೀತಿಯೇ ಬದಲಾಯಿತು. ಕನ್ನಡಿಯಲ್ಲಿ ಹೇಗೆ ಕಾಣುತ್ತೇನೆ ಎಂಬುದು ಆಮೇಲಿನ ಮಾತು. ಈ ಬಟ್ಟೆಯಲ್ಲಿ ಒಂದು ಕೂಸನ್ನು ಎತ್ತಿಕೊಳ್ಳಬಹುದೇ ಎಂಬುದು ಮೊದಲ ಪ್ರಶ್ನೆ.

ಮೊದಲು ಯಾವ ಚರ್ಚ್ ಎಂದು ಕೇಳಿ

ಬಟ್ಟೆಗೆ ಕೈ ಹಾಕುವ ಮೊದಲು ಕರೆದವರಿಗೆ ಒಂದು ಫೋನ್ ಮಾಡಿ. ಕೊಡಗಿನಲ್ಲಿ ಕ್ರೈಸ್ತರೆಂದರೆ ಒಂದೇ ಬಗೆಯವರಲ್ಲ. ವಿರಾಜಪೇಟೆಯ ಸಂತ ಅನ್ನಮ್ಮ ದೇವಾಲಯ 1792ರಷ್ಟು ಹಳೆಯದು. ಟಿಪ್ಪುವಿನ ಕಾಲದಲ್ಲಿ ನೆಲೆ ತಪ್ಪಿದ ಕೊಂಕಣಿ ಮಾತಿನ ಕ್ಯಾಥೊಲಿಕರಿಗೆ ಕೊಡಗಿನ ರಾಜ ದೊಡ್ಡ ವೀರರಾಜೇಂದ್ರ ಅಲ್ಲಿ ಆಶ್ರಯ ಕೊಟ್ಟ. ಆಮೇಲೆ ತೋಟಗಳ ಕೆಲಸಕ್ಕೆ ಬಂದ ತಮಿಳು ಕುಟುಂಬಗಳು, ಕೇರಳದಿಂದ ಬಂದು ಕೃಷಿಗೂ ವ್ಯಾಪಾರಕ್ಕೂ ನಿಂತ ಸಿರಿಯನ್ ಕ್ರೈಸ್ತರು, ಸಿ.ಎಸ್.ಐ. (ಚರ್ಚ್ ಆಫ್ ಸೌತ್ ಇಂಡಿಯಾ) ಸಭೆಯವರು, ಪೆಂಟೆಕೋಸ್ಟ್ ಸಭೆಯವರು, ಹೀಗೆ ಹಲವರು ಸೇರಿದರು. ಒಂದೇ ಸಮಾರಂಭವನ್ನು ಕ್ಯಾಥೊಲಿಕರು ಕನ್ನಡದಲ್ಲಿ ಜ್ಞಾನಸ್ನಾನ ಎನ್ನುತ್ತಾರೆ, ಸಿ.ಎಸ್.ಐ.ನವರು ದೀಕ್ಷಾಸ್ನಾನ ಎನ್ನುತ್ತಾರೆ, ಮಲಯಾಳಿ ಮನೆಗಳಲ್ಲಿ ಮಾಮೋದೀಸ ಎನ್ನುತ್ತಾರೆ. ಹೆಸರು ಬದಲಾದಂತೆ ಒಳಗಿನ ರೀತಿಯೂ ಸ್ವಲ್ಪ ಬದಲಾಗುತ್ತದೆ. ನಿಮ್ಮ ಉಡುಪಿಗೆ ಸಂಬಂಧಪಡುವುದು ಅದೇ.

ಕೇಳಲು ಸಂಕೋಚ ಬೇಡ. “ಚೇಟ್ಟಾ (ಅಣ್ಣಾ), ನಿಮ್ಮ ಪಳ್ಳಿಯಲ್ಲಿ (ಚರ್ಚ್‌ನಲ್ಲಿ) ಚಪ್ಪಲಿ ಹೊರಗೆ ಬಿಡಬೇಕಾ? ಪೂಜೆ ಎಷ್ಟು ಹೊತ್ತು? ಊಟ ಅಲ್ಲೇ ಹಾಲ್‌ನಲ್ಲಾ, ಮನೆಯಲ್ಲಾ?” ಈ ಮೂರು ಪ್ರಶ್ನೆ ಸಾಕು. ಕೇಳಿದ್ದಕ್ಕೆ ಯಾರೂ ಬೇಸರ ಮಾಡಿಕೊಂಡದ್ದನ್ನು ನಾನು ಕಂಡಿಲ್ಲ. ನಮ್ಮ ರೀತಿಯನ್ನು ತಿಳಿದುಕೊಂಡು ಬರುತ್ತಾರಲ್ಲ ಎಂದು ಖುಷಿಪಡುತ್ತಾರೆ.

ಒಳಗೆ ಏನು ನಡೆಯುತ್ತದೆ ಎಂದು ಗೊತ್ತಿದ್ದರೆ ಬಟ್ಟೆಯ ಆಯ್ಕೆ ಅರ್ಧ ಮುಗಿದಂತೆ. ಕ್ಯಾಥೊಲಿಕ್ ರೀತಿಯಲ್ಲಿ ಧರ್ಮಗುರು ಮಗುವಿನ ಹಣೆಗೆ ಶಿಲುಬೆಯ ಗುರುತು ಹಾಕುತ್ತಾರೆ, ಎದೆಗೆ ಎಣ್ಣೆ ಹಚ್ಚುತ್ತಾರೆ, ತಲೆಯ ಮೇಲೆ ಮೂರು ಸಲ ನೀರು ಹೊಯ್ಯುತ್ತಾರೆ, ನೆತ್ತಿಗೆ ಪರಿಮಳದ ತೈಲ ಪೂಸುತ್ತಾರೆ. ಆಮೇಲೆ ಬಿಳಿ ಬಟ್ಟೆ ಹೊದಿಸುತ್ತಾರೆ. ದೊಡ್ಡ ಪಾಸ್ಕ (ಈಸ್ಟರ್) ಮೇಣದಬತ್ತಿಯಿಂದ ಒಂದು ಚಿಕ್ಕ ಬತ್ತಿ ಹಚ್ಚಿ ತಂದೆಯ ಅಥವಾ ಗಾಡ್‌ಫಾದರ್ (ಮಗುವಿನ ನಂಬಿಕೆಗೆ ಹೊಣೆ ನಿಲ್ಲುವವನು) ಕೈಗೆ ಕೊಡುತ್ತಾರೆ. ಆರ್ಥಡಾಕ್ಸ್ ಸಿರಿಯನ್ನರಲ್ಲಿ ಕೂಸನ್ನು ತೊಟ್ಟಿಯ ನೀರಿನಲ್ಲೇ ಕೂರಿಸಿ ಸ್ನಾನ ಮಾಡಿಸುತ್ತಾರೆ, ಮೂರೋನ್ ಎಂಬ ತೈಲವನ್ನು ಮೈಗೆಲ್ಲ ಹಚ್ಚುತ್ತಾರೆ. ನೀರು, ಎಣ್ಣೆ, ಬೆಂಕಿ, ಒದ್ದೆ ಕೂಸು: ಈ ನಾಲ್ಕರ ಪಕ್ಕ ನಿಲ್ಲುವ ಬಟ್ಟೆ ನಿಮಗೆ ಬೇಕು. ನೀರಿನ ಹನಿಗೆ ಕಲೆ ಬೀಳುವ ರೇಷ್ಮೆ ಅಂಗಿಯೂ, ಹೆಗಲಿನಿಂದ ಜಾರಿ ಬತ್ತಿಯ ಮೇಲೆ ಬೀಳಬಹುದಾದ ಶಲ್ಯವೂ ಅದಕ್ಕೇ ಬೇಡ ಎನ್ನುತ್ತೇನೆ.

ಬಟ್ಟೆಯನ್ನು ಒಂದು ವಾರ ಮೊದಲೇ ಹೊರಗೆ ತೆಗೆಯಿರಿ

ಬೇರೆ ಊರಿನವರಿಗೆ ಈ ಮಾತು ಬೇಕಾಗದೆ ಇರಬಹುದು, ಆದರೆ ಕೊಡಗಿನಲ್ಲಿ ಇದು ಎಲ್ಲಕ್ಕಿಂತ ಮುಖ್ಯ. ಮಡಿಕೇರಿಯಲ್ಲಿ ವರ್ಷಕ್ಕೆ ಸರಾಸರಿ 3000 ಮಿಲಿಮೀಟರಿಗೂ ಹೆಚ್ಚು ಮಳೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಬೀರುವಿನಲ್ಲಿ ನೇತು ಹಾಕಿದ ಕೋಟಿನ ಕಾಲರಿಗೆ ಬಿಳಿ ಬೂಷ್ಟು ಹಿಡಿದಿರುತ್ತದೆ, ಚರ್ಮದ ಬೂಟಿಗೆ ಹಸಿರು ಬಂದಿರುತ್ತದೆ. ಬೆಲ್ಟ್ ಮುಟ್ಟಿದರೆ ಕೈಗೆ ಪುಡಿ ಅಂಟುತ್ತದೆ. ಶನಿವಾರ ರಾತ್ರಿ ಇದನ್ನು ಕಂಡರೆ ಮಾಡಲು ಏನೂ ಉಳಿಯುವುದಿಲ್ಲ.

ಹಿಂದಿನ ಭಾನುವಾರವೇ ಎಲ್ಲ ಹೊರಗೆ ತೆಗೆಯಿರಿ. ಬೂಷ್ಟನ್ನು ಮನೆಯ ಒಳಗೆ ಕೊಡವಬೇಡಿ, ಜಗಲಿಗೆ ತಂದು ಒಣ ಬ್ರಷ್‌ನಿಂದ ಉಜ್ಜಿ. ಬಿಸಿಲಿದ್ದರೆ ಎರಡು ಗಂಟೆ ಹಾಕಿ. ಬಿಸಿಲಿಲ್ಲದಿದ್ದರೆ ಒಳಗಿನಿಂದ ಇಸ್ತ್ರಿ ಮಾಡಿ ಗಾಳಿಯಾಡುವ ಕಡೆ ನೇತು ಹಾಕಿ. ಒಲೆಯ ಮೇಲಿನ ಹಗ್ಗದಲ್ಲಿ ಒಣಗಿಸುವುದು ನಮ್ಮೆಲ್ಲರ ಮಳೆಗಾಲದ ಅಭ್ಯಾಸ. ಆದರೆ ಆ ಹೊಗೆವಾಸನೆ ನಮಗೆ ಗೊತ್ತಾಗುವುದಿಲ್ಲ, ಪಕ್ಕದಲ್ಲಿ ಕುಳಿತವರಿಗೆ ಗೊತ್ತಾಗುತ್ತದೆ. ನುಸಿಗುಳಿಗೆಯ ವಾಸನೆಯೂ ಹಾಗೆಯೇ. ಇದನ್ನೆಲ್ಲ ಮುಚ್ಚಲು ಸೆಂಟು ಸುರಿದುಕೊಳ್ಳುವುದು ಇನ್ನೂ ಕೆಟ್ಟದ್ದು. ಎಳೆ ಕೂಸು ಇರುವ ಕಡೆ ಅತ್ತರು, ಬಾಡಿ ಸ್ಪ್ರೇ ಯಾವುದೂ ಬೇಡ. ಒಗೆದ ಬಟ್ಟೆಯ ವಾಸನೆ ಸಾಕು.

ಕೂಸನ್ನು ಎತ್ತಿಕೊಳ್ಳುವ ಮುನ್ನ ಸಿಗರೇಟು ಸೇದಿದ ಕೋಟನ್ನು ತೆಗೆದಿಡಿ ಎಂದೂ ಸೇರಿಸುತ್ತೇನೆ. ಇದನ್ನು ಹೇಳಬೇಕಾಗಿ ಬಂದಿದ್ದಕ್ಕೆ ಬೇಸರವಿದೆ, ಆದರೆ ಪ್ರತಿ ಸಲವೂ ಕಾಣುತ್ತಿದ್ದೇನೆ.

ಮೈಮೇಲೆ ಏನು?

ನೇರವಾಗಿ ಹೇಳುತ್ತೇನೆ. ಕೊಡಗಿನ ನೂರಕ್ಕೆ ತೊಂಬತ್ತು ಜ್ಞಾನಸ್ನಾನಗಳಿಗೆ ತುಂಬು ತೋಳಿನ, ತಿಳಿ ಬಣ್ಣದ ಹತ್ತಿ ಅಂಗಿ ಮತ್ತು ಗಾಢ ಬಣ್ಣದ ಪ್ಯಾಂಟ್ ಸಾಕು. ತಿಳಿ ನೀಲಿ, ಕೆನೆ ಬಣ್ಣ, ತಿಳಿ ಹಸಿರು, ಸಣ್ಣ ಗೆರೆ, ಇವೆಲ್ಲ ಚೆನ್ನ. ಪ್ಯಾಂಟ್ ಕಡು ನೀಲಿ, ಬೂದು ಅಥವಾ ಕಂದು ಇರಲಿ. ನಮ್ಮ ಕೆಂಪು ಮಣ್ಣಿನ ದಾರಿಗೆ ತಿಳಿ ಬಣ್ಣದ ಪ್ಯಾಂಟ್ ಹಾಕಿ ಹೊರಟರೆ ಚರ್ಚ್ ತಲುಪುವ ಹೊತ್ತಿಗೆ ಮಂಡಿಯವರೆಗೆ ಚುಕ್ಕೆ. ಬಿಗಿ ಪ್ಯಾಂಟ್ ಬೇಡ. ಪೂಜೆಯ ನಡುವೆ ಏಳುವುದು, ಕೂರುವುದು ತುಂಬ ಇರುತ್ತದೆ. ಕ್ರೈಸ್ತರು ಮೊಣಕಾಲೂರುವಾಗ ನೀವೂ ಊರಲೇಬೇಕೆಂದಿಲ್ಲ, ಸುಮ್ಮನೆ ಕುಳಿತಿರಬಹುದು. ಆದರೆ ಎದ್ದು ನಿಲ್ಲುವಾಗ ಎಲ್ಲರ ಜೊತೆ ನಿಲ್ಲುವುದು ಮರ್ಯಾದೆ.

ಸೂಟಿನ ವಿಷಯ. ಕೊಂಕಣಿ ಕ್ಯಾಥೊಲಿಕ್ ಮನೆಗಳಲ್ಲಿ ಮಗುವಿನ ತಂದೆ, ಗಾಡ್‌ಫಾದರ್ ಸೂಟು ಹಾಕುವುದುಂಟು. ಅತಿಥಿಗೆ ಅದು ಕಡ್ಡಾಯವಲ್ಲ. ಡಿಸೆಂಬರ್, ಜನವರಿಯ ಬೆಳಗಿನ ಪೂಜೆಗಾದರೆ ಒಂದು ಬ್ಲೇಜರ್ ಚಳಿಗೂ ಆಯಿತು, ಸಮಾರಂಭಕ್ಕೂ ಆಯಿತು. ಟೈ ಕಟ್ಟುವ ಅಭ್ಯಾಸವಿಲ್ಲದವರು ಅಂದೇ ಕಟ್ಟಲು ಹೋಗಬೇಡಿ. ಕೂಸು ಮೊದಲು ಹಿಡಿದು ಎಳೆಯುವುದು ಅದನ್ನೇ. ಬ್ಲೇಜರ್ ಇಲ್ಲದಿದ್ದರೆ ತೋಳಿಲ್ಲದ ಉಣ್ಣೆ ಸ್ವೆಟರನ್ನು ಅಂಗಿಯ ಮೇಲೆ ಹಾಕಿದರೂ ಚೆನ್ನಾಗಿಯೇ ಕಾಣುತ್ತದೆ. ಇದಕ್ಕಾಗಿ ಸಾಲ ಮಾಡಿ ಹೊಸ ಬಟ್ಟೆ ಕೊಳ್ಳಬೇಡಿ. ಇಸ್ತ್ರಿ ಮಾಡಿದ ಹಳೆಯ ಅಂಗಿ, ಇಸ್ತ್ರಿ ಇಲ್ಲದ ಹೊಸ ಅಂಗಿಗಿಂತ ಎಷ್ಟೋ ಮೇಲು.

ಬಿಳಿ ಉಡಬಹುದೇ ಎಂದು ಬಹಳ ಜನ ಕೇಳುತ್ತಾರೆ. ಬಿಳಿ ಆ ದಿನ ಮಗುವಿನ ಬಣ್ಣ, ನಿಜ. ಹೊಸ ಬದುಕಿನ ಗುರುತಾಗಿ ಆ ಬಟ್ಟೆ ಹೊದಿಸುತ್ತಾರೆ. ಹಾಗೆಂದು ಅತಿಥಿ ಬಿಳಿ ಉಟ್ಟರೆ ತಪ್ಪೇನೂ ಇಲ್ಲ. ಕೇರಳ ಮೂಲದ ಮನೆಗಳಲ್ಲಿ ಹಿರಿಯ ಗಂಡಸರ ಮರ್ಯಾದೆಯ ಉಡುಪೇ ಬಿಳಿ ಮುಂಡು, ಬಿಳಿ ಅಂಗಿ. ನೀವೂ ಕಸವಿನ ಅಂಚಿನ ಪಂಚೆ ಉಟ್ಟು ಹೋದರೆ ಸಂತೋಷದಿಂದಲೇ ಕರೆದು ಕೂರಿಸುತ್ತಾರೆ. ಒಂದೇ ಎಚ್ಚರ: ದಾರಿಯಲ್ಲಿ ಮಡಚಿ ಮೇಲಕ್ಕೆ ಕಟ್ಟಿದ ಪಂಚೆಯನ್ನು ಚರ್ಚ್‌ನ ಮೆಟ್ಟಿಲಿಗೆ ಬಂದಾಗ ಇಳಿಸಿ. ಹಿರಿಯರ ಮುಂದೆ, ಧರ್ಮಗುರುಗಳ ಮುಂದೆ ಎತ್ತಿ ಕಟ್ಟಿದ ಮುಂಡಿನಲ್ಲಿ ನಿಲ್ಲುವುದು ಮಲಯಾಳಿಗಳಿಗೆ ಅಗೌರವವಾಗಿ ಕಾಣುತ್ತದೆ. ಪಂಚೆ ಜಾರುವ ಭಯವಿದ್ದರೆ ಬೆಲ್ಟ್ ಕಟ್ಟಿ. ಕೈಯಲ್ಲಿ ಕೂಸಿರುವಾಗ ಪಂಚೆ ಸರಿಪಡಿಸಿಕೊಳ್ಳಲು ಆಗುವುದಿಲ್ಲ.

ಕಪ್ಪಿನ ಬಗ್ಗೆ ಮಾತ್ರ ಸ್ವಲ್ಪ ಯೋಚಿಸಿ. ಕಪ್ಪು ಪ್ಯಾಂಟ್, ಕಪ್ಪು ಬ್ಲೇಜರ್ ಸರಿ, ಒಳಗೆ ತಿಳಿ ಅಂಗಿ ಇರಲಿ. ಅಂಗಿಯೂ ಪ್ಯಾಂಟೂ ಎರಡೂ ಕಪ್ಪಾದರೆ ಅದು ಕ್ರೈಸ್ತರ ಮನೆಯಲ್ಲಿ ಸಾವಿನ ನೆನಪು ತರುತ್ತದೆ. ಶಬರಿಮಲೆಗೆ ಮಾಲೆ ಹಾಕಿದವರ ಮಾತು ಬೇರೆ. ನವೆಂಬರ್ ನಡುವಿನಿಂದ ನಮ್ಮ ಊರುಗಳಲ್ಲಿ ಎಷ್ಟೋ ಜನ ಕಪ್ಪು ಉಟ್ಟು ಬರಿಗಾಲಲ್ಲಿ ಓಡಾಡುತ್ತಾರೆ, ಕ್ರಿಸ್‌ಮಸ್ ರಜೆಯ ಜ್ಞಾನಸ್ನಾನಗಳೂ ಅದೇ ದಿನಗಳಲ್ಲಿ ಬರುತ್ತವೆ. ವ್ರತದ ಬಟ್ಟೆಯಲ್ಲೇ ಹೋಗಿ. ಕೊಡಗಿನ ಕ್ರೈಸ್ತರಿಗೆ ಆ ಕಪ್ಪು ಏನೆಂದು ಚೆನ್ನಾಗಿ ಗೊತ್ತು. ಊಟಕ್ಕೆ ಮಾತ್ರ ಮೊದಲೇ ಒಂದು ಮಾತು ಹೇಳಿಬಿಡಿ, ಸಸ್ಯಾಹಾರ ಬೇರೆ ಇಟ್ಟಿರುತ್ತಾರೆ.

ಪೆಂಟೆಕೋಸ್ಟ್ ಸಭೆಗಳಲ್ಲಿ ಕೂಸಿಗೆ ಸ್ನಾನ ಮಾಡಿಸುವುದಿಲ್ಲ, ಮಗುವನ್ನು ದೇವರಿಗೆ ಸಮರ್ಪಿಸಿ ಪ್ರಾರ್ಥಿಸುತ್ತಾರೆ. ಅಲ್ಲಿಗೆ ಹೋಗುವಾಗ ಚಿನ್ನದ ಸರ, ಬ್ರೇಸ್‌ಲೆಟ್ ಮನೆಯಲ್ಲೇ ಬಿಡಿ. ಕೇರಳ ಮೂಲದ ಅನೇಕ ಪೆಂಟೆಕೋಸ್ಟ್ ಕುಟುಂಬಗಳು ಒಡವೆಯನ್ನೇ ತೊಡುವುದಿಲ್ಲ.

ಕುಪ್ಯ-ಚೇಲೆ ಹಾಕಬಹುದೇ?

ಈ ಪ್ರಶ್ನೆಯನ್ನು ಕೊಡವ ಗೆಳೆಯರು ನನ್ನನ್ನು ಎಷ್ಟೋ ಸಲ ಕೇಳಿದ್ದಾರೆ. ಉತ್ತರ ಸುಲಭವಲ್ಲ.

ಕಪ್ಪು ಕುಪ್ಯ (ಉದ್ದನೆಯ ಮೇಲಂಗಿ), ಕೆಂಪು ರೇಷ್ಮೆಯ ಚೇಲೆ (ನಡುಪಟ್ಟಿ), ಸೊಂಟದಲ್ಲಿ ಪೀಚೆಕತ್ತಿ, ತಲೆಗೆ ಮಂಡೆತುಣಿ: ಇದು ಬರೀ ಬಟ್ಟೆಯಲ್ಲ, ಒಕ್ಕದ (ಮನೆತನದ) ಗೌರವ. ಇದನ್ನು ಉಟ್ಟು ಸ್ನೇಹಿತನ ಮಗುವಿನ ಸಮಾರಂಭಕ್ಕೆ ಹೋಗುವುದೆಂದರೆ ಅವನ ಮನೆಗೆ ನಮ್ಮ ಕಡೆಯ ದೊಡ್ಡ ಮರ್ಯಾದೆ ಸಲ್ಲಿಸಿದಂತೆ ಎಂದು ಹಿರಿಯರು ಹೇಳುತ್ತಾರೆ. ಆ ಮಾತಿನಲ್ಲಿ ಸತ್ಯವಿದೆ. ಆದರೂ ನನ್ನ ಅಭಿಪ್ರಾಯ ಬೇರೆ. ಮೊದಲನೆಯದು ಪೀಚೆಕತ್ತಿ. ಎಷ್ಟೇ ಬೆಳ್ಳಿಯ ಒರೆಯಿದ್ದರೂ ಅದು ಕತ್ತಿಯೇ. ಪ್ರಾರ್ಥನೆಯ ಜಾಗಕ್ಕೆ, ಅದೂ ಕೂಸಿನ ಸಮಾರಂಭಕ್ಕೆ, ಆಯುಧ ತರುವುದು ಬೇಡ. ಬೆಂಚಿನ ಮೇಲೆ ಕುಳಿತಾಗ ಹಿಡಿ ಎದೆಗೆ ಬರುತ್ತದೆ, ಮಗುವನ್ನು ಎತ್ತಿಕೊಂಡರೆ ಅದಕ್ಕೇ ತಾಗುತ್ತದೆ. ಪೀಚೆಕತ್ತಿ ಬಿಟ್ಟು ಬರೀ ಕುಪ್ಯ-ಚೇಲೆ ತೊಡೋಣವೆಂದರೆ ಆ ಉಡುಪು ಅರ್ಧವಾಗುತ್ತದೆ, ಅರ್ಧ ತೊಡುವುದು ನಮ್ಮ ಉಡುಪಿಗೇ ಸಲ್ಲದು. ಎರಡನೆಯದು, ಕುಪ್ಯ ತೊಟ್ಟವನ ಕಡೆಗೆ ಎಲ್ಲರ ಕಣ್ಣೂ ಹೋಗುತ್ತದೆ. ಆ ದಿನ ಎಲ್ಲರೂ ನೋಡಬೇಕಾದದ್ದು ಮಗುವನ್ನು.

ಮನೆಯವರೇ ‘ಕೊಡವ ಉಡುಪಿನಲ್ಲೇ ಬನ್ನಿ, ಮಗುವಿಗೆ ನೆನಪಿಗೆ ಫೋಟೋ ಬೇಕು’ ಎಂದು ಕೇಳಿಕೊಂಡರೆ ಮಾತ್ರ ಬೇರೆ. ಆಗ ಪೂರ್ತಿ ತೊಡಿ. ಕತ್ತಿಯನ್ನು ಚರ್ಚ್‌ಗೆ ಒಯ್ಯದೆ ಅವರ ಮನೆಯಲ್ಲೇ ಇಟ್ಟು, ಊಟದ ಹೊತ್ತಿನಲ್ಲಿ ಸಿಕ್ಕಿಸಿಕೊಂಡು ಫೋಟೋಗೆ ನಿಲ್ಲಿ. ಕುಪ್ಯ ಕಪ್ಪೇ ಇರಲಿ, ಬಿಳಿ ಕುಪ್ಯ ಮದುಮಗನದ್ದು.

ಕಾಲು, ತಲೆ, ಜೇಬು

ಕಾಲಿಗೆ ಏನು ಹಾಕುತ್ತೀರಿ ಎನ್ನುವುದಕ್ಕಿಂತ ಅದನ್ನು ಎಲ್ಲಿ ಬಿಡುತ್ತೀರಿ ಎನ್ನುವುದು ಇಲ್ಲಿ ದೊಡ್ಡದು. ಸಿರಿಯನ್ ಆರ್ಥಡಾಕ್ಸ್ ಪಳ್ಳಿಗಳಲ್ಲಿ ಪಾದರಕ್ಷೆ ಹೊರಗೇ ಬಿಡಬೇಕು. ಗಂಡಸರು ಒಂದು ಕಡೆ, ಹೆಂಗಸರು ಇನ್ನೊಂದು ಕಡೆ ನಿಲ್ಲುತ್ತಾರೆ, ನಿಲ್ಲುವುದೂ ಬಹಳ ಹೊತ್ತು. ಬೇರೆ ಚರ್ಚ್‌ಗಳಲ್ಲಿ ಕೆಲವೆಡೆ ಬಿಡುತ್ತಾರೆ, ಕೆಲವೆಡೆ ಬಿಡುವುದಿಲ್ಲ. ಬಾಗಿಲಲ್ಲಿ ಚಪ್ಪಲಿಯ ರಾಶಿ ಕಂಡರೆ ನೀವೂ ಬಿಡಿ, ಅಷ್ಟೇ. ಆದ್ದರಿಂದ ಲೇಸ್ ಕಟ್ಟುವ ಬೂಟಿಗಿಂತ ಸುಲಭವಾಗಿ ಕಳಚುವ ಬೂಟು ಒಳ್ಳೆಯದು. ಕಾಲುಚೀಲ ಒಗೆದದ್ದು, ತೂತಿಲ್ಲದ್ದು ಇರಲಿ. ಪಂಚೆಗೆ ಚರ್ಮದ ಚಪ್ಪಲಿ ಸರಿ, ಬೂಟು ಹೊಂದುವುದಿಲ್ಲ. ಸ್ನಾನದ ಮನೆಯ ರಬ್ಬರ್ ಚಪ್ಪಲಿಯಲ್ಲಿ ಮಾತ್ರ ಹೋಗಬೇಡಿ.

ಮಳೆಗಾಲದಲ್ಲಿ ನನ್ನ ಕ್ರಮ ಹೀಗೆ: ಮನೆಯಿಂದ ಗಂಬೂಟು ಹಾಕಿ ಹೊರಡುತ್ತೇನೆ, ಪ್ಯಾಂಟನ್ನು ಅದರೊಳಗೆ ತುರುಕಿರುತ್ತೇನೆ. ಒಳ್ಳೆಯ ಬೂಟು, ಒಣ ಕಾಲುಚೀಲ, ಒಂದು ಹಳೆಯ ಟವೆಲ್ ಪ್ಲಾಸ್ಟಿಕ್ ಚೀಲದಲ್ಲಿ ಜೀಪಿನಲ್ಲಿರುತ್ತವೆ. ಚರ್ಚ್‌ನ ಅಂಗಳದಲ್ಲಿ ಕಾಲು ಒರೆಸಿ ಬದಲಾಯಿಸುತ್ತೇನೆ. ತೋಟದ ದಾರಿಯಲ್ಲಿ ನಡೆದು ಬಂದವರು ಒಳಗೆ ಹೋಗುವ ಮುನ್ನ ಕಾಲನ್ನು ಒಮ್ಮೆ ನೋಡಿಕೊಳ್ಳಿ, ಜಿಗಣೆ ಹತ್ತಿದ್ದರೆ ಬಿಳಿ ಪಂಚೆಯ ಮೇಲೆ ರಕ್ತದ ಕಲೆ ಹರಡುತ್ತದೆ. ಒದ್ದೆ ಕೊಡೆ, ರೇನ್‌ಕೋಟ್ ಒಳಗೆ ತರಬೇಡಿ. ನೀರು ಸುರಿದ ನೆಲದಲ್ಲಿ ಕೂಸನ್ನು ಹಿಡಿದ ತಾಯಿ ಜಾರಬಾರದು.

ತಲೆಗೆ: ಮಂಕಿ ಕ್ಯಾಪ್, ಬೇಸ್‌ಬಾಲ್ ಕ್ಯಾಪ್, ತೋಟದ ಹ್ಯಾಟ್ ಯಾವುದಾದರೂ ಬಾಗಿಲಲ್ಲೇ ತೆಗೆಯಿರಿ. ಚರ್ಚ್‌ನಲ್ಲಿ ಗಂಡಸರು ತಲೆ ಮುಚ್ಚುವುದಿಲ್ಲ. ಸ್ವಂತ ಧರ್ಮದ ಭಾಗವಾಗಿ ಟೋಪಿ, ಪೇಟ ತೊಡುವವರು ಮನೆಯವರಿಗೆ ಮೊದಲೇ ಒಂದು ಮಾತು ತಿಳಿಸಿದರೆ ಬಾಗಿಲಲ್ಲಿ ಯಾರಿಗೂ ಮುಜುಗರವಿಲ್ಲ.

ಜೇಬು ಖಾಲಿ ಇರಲಿ. ಪೆನ್ನು, ಚೂಪಾದ ಕೀಲಿಗೊಂಚಲು, ಅಂಗಿಯ ಮೇಲಿನ ಲೋಹದ ಪಿನ್ನು ಎಲ್ಲ ವಾಹನದಲ್ಲೇ ಬಿಡಿ. ದೊಡ್ಡ ಲೋಹದ ಪಟ್ಟಿಯ ಗಡಿಯಾರವಿದ್ದರೆ ಕೂಸನ್ನು ಎತ್ತುವ ಮುನ್ನ ಬಿಚ್ಚಿ. ಫೋನ್ ಸದ್ದು ನಿಲ್ಲಿಸಿ. ಒಗೆದ ಎರಡು ಕರವಸ್ತ್ರ ಒಯ್ಯಿರಿ, ಒಂದು ನಿಮಗೆ, ಒಂದು ಮಗುವಿನ ಬಾಯಿ ಒರೆಸಲು. ಉಡುಗೊರೆಯ ಲಕೋಟೆಯನ್ನು ಅಂಗಿ ಜೇಬಿನಲ್ಲಿಟ್ಟರೆ ಬೆವರಿಗೆ ಮೆತ್ತಗಾಗುತ್ತದೆ, ಹೆಂಡತಿಯ ಚೀಲದಲ್ಲಿರಲಿ.

ಗಾಡ್‌ಫಾದರ್ ಆದವರಿಗೆ, ಹುಡುಗರಿಗೆ

ಕ್ಯಾಥೊಲಿಕರಲ್ಲಿ ಗಾಡ್‌ಫಾದರ್ ಆಗಲು ಸಾಮಾನ್ಯವಾಗಿ 16 ವರ್ಷ ತುಂಬಿರಬೇಕು, ದೃಢೀಕರಣ (ಕನ್ಫರ್ಮೇಶನ್ ಎಂಬ ಸಂಸ್ಕಾರ) ಪಡೆದ ಕ್ಯಾಥೊಲಿಕನೇ ಆಗಿರಬೇಕು. ಹಾಗಾಗಿ ನಮ್ಮಂಥ ನೆರೆಯವರಿಗೆ ಆ ಜಾಗ ಬರುವುದಿಲ್ಲ. ಈ ಬರಹ ಓದುತ್ತಿರುವ ಕ್ರೈಸ್ತ ಯುವಕರಿಗೆ ಒಂದು ಮಾತು: ಮೇಣದಬತ್ತಿ ನಿಮ್ಮ ಕೈಯಲ್ಲಿರುತ್ತದೆ, ಆದ್ದರಿಂದ ತೋಳಿನ ಗುಂಡಿ ಹಾಕಿರಿ, ನೈಲಾನ್ ಅಂಗಿ ಬೇಡ. ಮಗುವಿನ ತಂದೆಯ ಉಡುಪಿಗಿಂತ ನಿಮ್ಮದು ಜೋರಾಗದಿರಲಿ.

ಚಿಕ್ಕ ಹುಡುಗರಿಗೆ ಅಂಗಿ, ಪ್ಯಾಂಟ್ ಸಾಕು. ಚಿತ್ರ, ಬರಹಗಳಿರುವ ಟೀಶರ್ಟು ಬೇಡ. ಬದಲಾಯಿಸಲು ಒಂದು ಜೊತೆ ಬಟ್ಟೆ ಒಯ್ಯಿರಿ, ಚರ್ಚ್‌ನ ಅಂಗಳದಲ್ಲಿ ಅವರು ಆಡದೆ ಇರುವುದಿಲ್ಲ. ಹದಿಹರೆಯದವರು ಹರಿದ ಜೀನ್ಸ್‌ಗೆ ಹಟ ಹಿಡಿದರೆ ಬೈಯಬೇಡಿ, ಅಲ್ಲಿ ಏನು ನಡೆಯುತ್ತದೆ ಎಂದು ವಿವರಿಸಿ ಹೇಳಿ. ನಾನು ಹಾಗೆ ವಿವರಿಸಿದ ಮೇಲೆ ನನ್ನ ಮಗ ತಾನಾಗಿಯೇ ಬದಲಾಯಿಸಿದ.

ಊಟದ ಹೊತ್ತು

ಪೂಜೆ ಮುಗಿದ ಮೇಲೆ ಊಟ. ಕೊಡಗಿನ ಕ್ರೈಸ್ತರ ಮನೆಯ ಊಟವೆಂದರೆ ಕೇಕು, ಹಂದಿ ಮಾಂಸ, ಸನ್ನಾಸ್ ಜೊತೆಗೆ ಎಷ್ಟೋ ಕಡೆ ಪಂದಿಕರಿ, ಕಡಂಬುಟ್ಟೂ ಇರುತ್ತದೆ. ಬಿಳಿ ಅಂಗಿಯವರೇ, ಕಾಚಂಪುಳಿ (ಕೊಡಗಿನ ಕಪ್ಪು ಹುಳಿರಸ) ಹಾಕಿದ ಪಂದಿಕರಿಯ ಆ ಕಪ್ಪು ಗೊಜ್ಜಿನ ಬಗ್ಗೆ ಎಚ್ಚರ. ತೋಳನ್ನು ಎರಡು ಮಡಿಕೆ ಮಡಚಿ ಕುಳಿತುಕೊಳ್ಳಿ. ಕೋಟನ್ನು ಕುರ್ಚಿಯ ಬೆನ್ನಿಗೆ ಹಾಕಿ, ಬಡಿಸುವವರ ದಾರಿಗೆ ಬಾರದಂತೆ. ಗೊಜ್ಜು ಬಿದ್ದರೆ ಉಜ್ಜಬೇಡಿ, ಚಮಚದಿಂದ ಎತ್ತಿ, ತಣ್ಣೀರು ಒತ್ತಿ.

ಮಗುವಿನ ನೆತ್ತಿಗೆ ಪೂಸಿದ ತೈಲ ಆಲಿವ್ ಎಣ್ಣೆಯದು. ಕೂಸನ್ನು ಎತ್ತಿಕೊಂಡವರ ಅಂಗಿಯ ಹೆಗಲಿಗೆ ಅದರ ಗುರುತು ಹತ್ತಿಯೇ ಹತ್ತುತ್ತದೆ. ಮನೆಗೆ ಬಂದು ನೇರ ನೀರಿಗೆ ಹಾಕಿದರೆ ಕಲೆ ಕೂರುತ್ತದೆ. ಮೊದಲು ಅದರ ಮೇಲೆ ಮಕ್ಕಳ ಪೌಡರ್ ದಪ್ಪವಾಗಿ ಉದುರಿಸಿ, ರಾತ್ರಿಯಿಡೀ ಬಿಡಿ. ಬೆಳಿಗ್ಗೆ ಕೊಡವಿ, ಪಾತ್ರೆ ತೊಳೆಯುವ ಸೋಪಿನ ಎರಡು ಹನಿ ಹಚ್ಚಿ ಬೆರಳಿನಿಂದ ಮೆಲ್ಲಗೆ ತಿಕ್ಕಿ, ಬೆಚ್ಚನೆ ನೀರಿನಲ್ಲಿ ಒಗೆಯಿರಿ. ಕಲೆ ಹೋಗುವವರೆಗೆ ಇಸ್ತ್ರಿ ಮುಟ್ಟಿಸಬೇಡಿ.